ಸಮುದ್ರಕ್ಕೆ ಬಿಟ್ಟ ಬಾಗಿನ

ಲೋ ಚಲುವಾ,

ನಿನ್ನ ದೋಣಿ ಮುಗುಚಿದ ಮಲ್ಪೆಗೆ ಮೊನ್ನೆ ಹೋಗಿದ್ದೆ ಕಣೋ. ಮೊಮ್ಮಗಳು ಸಿಂಚನಾ ಕರೆದುಕೊಂಡು ಹೋದಳು. ನೀನಿದ್ದಾಗ ಎಷ್ಟು ಕರೆದರೂ, "ನಮ್ ಕಣ್ವ ಡ್ಯಾಮಲ್ಲಿ ಇಲ್ದಿರೋ ನೀರು ಅಲ್ಲೇನೈತೆ?" ಎಂದು ಮೂತಿ ತಿರುವಿದವಳು ನಾನು.

ಡ್ಯಾಮ್ ತುಂಬಿದಾಗ ಗಂಗಮ್ಮನಿಗೆ ಬಾಗಿನ ಬಿಡುತ್ತೇವಲ್ಲ, ಹಾಗೇ ಸಮುದ್ರಕ್ಕೂ ಬಿಡೋಣವೆಂದು ಚನ್ನಪಟ್ಟಣದಿಂದಲೇ ಮೊರ, ಬಳೆ, ಅರಿಶಿನ, ಕುಂಕುಮ ಹೊತ್ತೊಯ್ದಿದ್ದೆ. ನನ್ನ ತಮ್ಮನನ್ನು ಚೆನ್ನಾಗಿ ನೋಡಿಕೋ ತಾಯಿ ಎಂದು ಕೈಮುಗಿದು ಬಿಟ್ಟೆ. ಅಲೆ ಬಂದು ಮೊರವನ್ನು ನನ್ನ ಕಾಲ ಬಳಿಗೇ ತಳ್ಳಿತು. ಮತ್ತೆ ಬಿಟ್ಟೆ, ಮತ್ತೆ ತಳ್ಳಿತು.

"ಅಜ್ಜೀ, ನಿನ್ ಬಾಯಿಗೆ ಸಮುದ್ರಾನೂ ಹೆದರ್ಕಂಡೈತೆ," ಎಂದು ಸಿಂಚನಾ ನಕ್ಕಳು.

"ಹೆದರೋದಾಗಿದ್ರೆ ನಿಮ್ ಚಲುವ ತಾತನ್ನ ಮುಟ್ತಿತ್ತೇನೇ?" ಎಂದೆ.

"ಅಕ್ಕಾ, ಸಮುದ್ರ ಕೋಪ ಬಂದ್ರೆ ಮೊದ್ಲೇ ಗುಡುಗ್ತದೆ. ಮನುಸ್ರು ನಗ್ತಾ ನಗ್ತಾನೇ ಮುಳುಗಿಸ್ಬುಡ್ತಾರೆ," ಎನ್ನುತ್ತಿದ್ದೆಯಲ್ಲ ನೀನು. ಆ ದಿನ ಅದು ಗುಡುಗಿದ್ದು ನಿನಗೆ ಕೇಳಿಸಲಿಲ್ಲವೇನೋ, ಪೆದ್ದ?

ಇನ್ನೊಮ್ಮೆ ಬಿಡಲು ಬಗ್ಗಿದವಳು ಹಾಗೇ ನಿಂತೆ. ಅವತ್ತು ಗೌರಿ ಹಬ್ಬ. ನೀನು ಪ್ರತಿ ವರ್ಷ ಈ ಹಬ್ಬಕ್ಕೆ ಮಲ್ಪೆಯಿಂದ ಬಸ್ಸು ಹತ್ತಿ ಬಂದು, ತವರಿನ ಬಾಗಿನವೆಂದು ನನ್ನ ಮಡಿಲಿಗೆ ಮೊರ ಇಡುತ್ತಿದ್ದೆ. ಬಳೆ ಸಣ್ಣದು, ಅಕ್ಕನ ಕೈ ಅಳತೆಯೂ ಗೊತ್ತಿಲ್ಲವಾ ಎಂದು ನಾನು ಬೈಯುತ್ತಿದ್ದೆ.

ಈ ಸಲ ಏನೂ ಅನ್ನಲಿಲ್ಲ ಕಣೋ. ಒದ್ದೆ ಮೊರವನ್ನು ಎತ್ತಿ ಮಡಿಲಿಗೆ ಹಾಕಿಕೊಂಡು ಊರಿಗೆ ಬಂದೆ.

ನಿನ್ನ ಅಕ್ಕ
ಚಿಕ್ಕಲಕ್ಷ್ಮಮ್ಮ