ಫೋನಿನ ಮುಂದೆ ಕೂರಿಸಿದ ಕಿವುಡನಿಂದ ಕಲ್ಯಾಣಾಧಿಕಾರಿಗಳಿಗೆ

ಕಾರ್ಮಿಕರ ಕಲ್ಯಾಣವನ್ನೇ ಉದ್ಯೋಗ ಮಾಡಿಕೊಂಡಿರುವ ಮಾನ್ಯರೇ,

ನಾನು ಮೇಲಿನವರ ಮಾತು ಕೇಳುವುದಿಲ್ಲವೆಂದು ನೀವು ಆರೋಪ ಹೊರಿಸಿದ್ದೀರಿ. ಆರೋಪ ಅಕ್ಷರಶಃ ನಿಜ. ಮೇಲಿನವರದಷ್ಟೇ ಅಲ್ಲ, ಕೆಳಗಿನವರದೂ ಕೇಳುವುದಿಲ್ಲ. ನಿಮ್ಮ ಬಟ್ಟೆ ಗಿರಣಿಯ ಮಗ್ಗಗಳ ನಡುವೆ ಅರ್ಧ ಆಯುಷ್ಯ ನಿಂತು ನನ್ನ ಎರಡೂ ಕಿವಿ ಹೋಗಿವೆ. ಹಾಗೆಂದು ಬರೆದುಕೊಟ್ಟವರು ನಿಮ್ಮ ಗಿರಣಿಯ ವೈದ್ಯರೇ. ಆದರೂ ಅವಿಧೇಯತೆಗಾಗಿ ನನ್ನನ್ನು ಕೆಲಸದಿಂದ ಏಕೆ ತೆಗೆಯಬಾರದೆಂದು ಸೋಮವಾರದ ವಿಚಾರಣೆಯಲ್ಲಿ ಕಾರಣ ಹೇಳಬೇಕಂತೆ.

ವೈದ್ಯರು ‘ಹಗುರ ಕೆಲಸ ಕೊಡಬಹುದು’ ಎಂದರು. ನಿಮ್ಮ ಕಚೇರಿ ಗಿರಣಿಯನ್ನೆಲ್ಲ ಜಾಲಾಡಿ, ಎತ್ತಲು ಅತ್ಯಂತ ಹಗುರವಾದ ವಸ್ತು ಟೆಲಿಫೋನು ಎಂದು ಕಂಡುಹಿಡಿದು, ನನ್ನನ್ನು ಅದರ ಮುಂದೆ ಕೂರಿಸಿತು. ಫೋನು ಎತ್ತುವುದು ನನಗೇನೂ ಕಷ್ಟವಲ್ಲ ಸ್ವಾಮಿ, ಯಾವಾಗ ಎತ್ತಬೇಕೆಂಬುದೇ ಕಷ್ಟ. ಸುಮ್ಮನೆ ಕೂತು ಸಂಬಳ ತಿನ್ನಬಾರದಲ್ಲ ಎಂದು ಆಗಾಗ ಎತ್ತಿ, ‘ನಮಸ್ಕಾರ, ಇಲ್ಲಿ ಎಲ್ಲ ಚೆನ್ನಾಗಿದೆ’ ಎಂದು ಹೇಳಿ ಇಡುತ್ತಿದ್ದೆ. ಒಂದು ದಿನ ಆ ಕಡೆ ಇದ್ದವರು ಮಾಲೀಕರಂತೆ. ಗೋದಾಮಿಗೆ ಬಿದ್ದ ಬೆಂಕಿ ಆರಿತೇ ಎಂದು ಕೇಳುತ್ತಿದ್ದರಂತೆ.

ನಿಮ್ಮ ಹೆಡ್ ಗುಮಾಸ್ತರು ಓಡಿ ಬಂದು ಮೇಜು ಗುದ್ದಿದರು. “ಏನ್ರೀ, ನಿಮಗೆ ಕಿವಿ ಕೇಳಲ್ವೇನ್ರೀ?”

“ಇಲ್ಲ ಸಾರ್, ಕೇಳಲ್ಲ,” ಎಂದೆ.

“ಎದುರುತ್ತರ ಬೇರೆ ಕೊಡ್ತೀರಾ?” ಎಂದರು. ಅದೇ ಈಗ ನನ್ನ ಮೇಲಿನ ಎರಡನೇ ಆರೋಪ.

ಕಿವುಡನಿಗೆ ಅವರ ಪ್ರಶ್ನೆ ಹೇಗೆ ತಿಳಿಯಿತು ಎಂದು ನೀವು ಹುಬ್ಬೇರಿಸಬಹುದು. ನೀವು ಮಗ್ಗದ ಶೆಡ್ಡಿನೊಳಗೆ ಕಾಲಿಟ್ಟಿದ್ದರೆ ಈ ಅನುಮಾನ ಬರುತ್ತಿರಲಿಲ್ಲ. ಅಲ್ಲಿನ ಗದ್ದಲದಲ್ಲಿ ಯಾರಿಗೂ ಏನೂ ಕೇಳಿಸದು. ನಾವು ಒಬ್ಬರ ತುಟಿ ಒಬ್ಬರು ನೋಡಿಯೇ ಜಗಳವಾಡುತ್ತೇವೆ, ನೆಂಟಸ್ತನ ಕುದುರಿಸುತ್ತೇವೆ, ನಿಮ್ಮನ್ನು ಬೈಯುತ್ತೇವೆ. ಅಪಾಯದ ಸೂಚನೆಗೂ ನೀವೇ ಗಂಟೆಯ ಬದಲು ಕೆಂಪು ದೀಪ ಹಾಕಿಸಿದ್ದೀರಿ. ಇಡೀ ಗಿರಣಿಯಲ್ಲಿ ಕಿವಿಯ ಅಗತ್ಯವೇ ಇಲ್ಲದ ಜಾಗ ಅದೊಂದೇ. ಅಲ್ಲಿಂದ ನನ್ನನ್ನು ಎಬ್ಬಿಸಿ, ಕಿವಿಯ ಹೊರತು ಬೇರೇನೂ ಬೇಡದ ಜಾಗಕ್ಕೆ ತಂದಿರಿ. ಕೆಲಸದಲ್ಲಿ ಅಂಗ ಊನವಾದವನನ್ನು ಆ ಕಾರಣಕ್ಕೆ ತೆಗೆಯುವಂತಿಲ್ಲವೆಂದು ನಿಯಮವಿದೆಯಲ್ಲವೇ? ಹಾಗಾಗಿ ಕಿವುಡನನ್ನು ತೆಗೆಯುತ್ತಿಲ್ಲ, ಮಾತು ಕೇಳದವನನ್ನು ತೆಗೆಯುತ್ತಿದ್ದೀರಿ. ನಿಮ್ಮ ತಲೆಗೆ ಕೈ ಮುಗಿಯಬೇಕು.

ಆರೋಪಪತ್ರ ಓದಿ ನನ್ನ ಹೆಂಡತಿ ಮೊದಲು ನಕ್ಕಳು. “ಮದುವೆಯಾದಾಗಿನಿಂದ ನಾನೂ ಇದನ್ನೇ ಹೇಳ್ತಾ ಇದ್ದೀನಿ, ನನ್ನ ಮಾತಿಗೆ ಯಾರೂ ವಿಚಾರಣೆ ಇಡಲಿಲ್ಲ,” ಎಂದಳು. ಆಮೇಲೆ ಅಡುಗೆಮನೆಗೆ ಹೋಗಿ, ಮುಖ ನನಗೆ ಕಾಣದಂತೆ ಗೋಡೆಯ ಕಡೆ ತಿರುಗಿ ನಿಂತಳು. ಅವಳ ಭುಜ ಅಲುಗುತ್ತಿತ್ತು. ಈ ಕೆಲಸ ಹೋದರೆ ಈ ವಯಸ್ಸಿನಲ್ಲಿ ಕಿವುಡ ನೇಕಾರನನ್ನು ಯಾರು ಕರೆಯುತ್ತಾರೆ? ಕರೆದರೂ ನನಗೆ ಕೇಳಬೇಕಲ್ಲ.

ಮೊನ್ನೆ ಮೊಮ್ಮಗಳು ಮೊದಲ ಸಲ ‘ತಾತ’ ಎಂದಳು. ಎಲ್ಲರೂ ಕೇಳಿದರು, ನಾನು ನೋಡಿದೆ. ಅದಕ್ಕೆ ನನಗೆ ನಿಮ್ಮ ಮೇಲೆ ಕೋಪವಿದೆ. ಈ ಪತ್ರದಲ್ಲಿ ಎಷ್ಟು ಹಾಸ್ಯ ಮಾಡಿದರೂ ಆ ಕೋಪ ಇಳಿಯುತ್ತಿಲ್ಲ.

ನನ್ನ ಬೇಡಿಕೆ ದೊಡ್ಡದೇನಲ್ಲ. ನನ್ನ ದರ್ಜೆ ಇಳಿಸದೆ ನನ್ನನ್ನು ಮತ್ತೆ ಮಗ್ಗಕ್ಕೆ ಕಳಿಸಿ. ಆ ಸದ್ದು ನನ್ನಿಂದ ಕಿತ್ತುಕೊಳ್ಳಬಹುದಾದದ್ದು ಇನ್ನೇನೂ ಉಳಿದಿಲ್ಲ. ಕಿವಿ ಇನ್ನೂ ಉಳಿದಿರುವವರಿಗೆ ಕಿವಿ ಮುಚ್ಚುವ ಸಾಧನ ಕೊಡಿಸಿ. ಇಷ್ಟರ ಮೇಲೂ ಸೋಮವಾರ ನನ್ನನ್ನು ತೆಗೆಯುವುದೇ ಆದರೆ, ತಲೆ ತಗ್ಗಿಸಿ ಕಾಗದ ನೋಡಿಕೊಂಡು ಆದೇಶ ಓದಬೇಡಿ. ನನ್ನ ಮುಖ ನೋಡಿ ಹೇಳಿ. ಹಾಗೆ ಹೇಳಲು ನಿಮ್ಮಿಂದ ಆಗದಿದ್ದರೆ ನನಗೆ ಗೊತ್ತಾಗುವುದಿಲ್ಲ, ಮಂಗಳವಾರ ಎಂದಿನಂತೆ ಕೆಲಸಕ್ಕೆ ಬಂದುಬಿಡುತ್ತೇನೆ.

ಇಂತಿ,
ಸೋಮವಾರದವರೆಗಂತೂ ನಿಮ್ಮ ನೌಕರನಾಗಿರುವ,
ಮಗ್ಗದಿಂದ ಫೋನಿಗೆ ಬಡ್ತಿ ಪಡೆದ ನೇಕಾರ