ಮೈನಸ್ಸಾದರೆ ತಿರುಗುತ್ತೆ

ಬೈಯಪ್ಪನಹಳ್ಳಿ, ಬೆಂಗಳೂರು
೧೯ ಆಗಸ್ಟ್ ೧೯೯೯

ನನ್ನವ್ವಾ,

ಕಿರಣನ ನಮಸ್ಕಾರ. ಮೊಣಕಾಲು ನೋವು ಹೆಂಗಿದೆ? ಅಜ್ಜಿ ಗಂಜಿ ಕುಡೀತಾಳಾ, ಇಲ್ಲಾ ಇನ್ನೂ ನಿನ್ನ ಮುಖಕ್ಕೇ ಉಗೀತಾಳಾ? ಅವಳನ್ನ ನೋಡ್ಕೊಳ್ಳೋಕೆ ನೀನು ಊರಿಗೆ ಹೋದ್ಮೇಲೆ ಇಲ್ಲಿ ರೊಟ್ಟಿ ಬಡಿಯೋಳು ನಿನ್ನ ಮಗಳು ಕಾವೇರಿ. ದಪ್ಪ ಮಾಡ್ತಾಳೆ, ತಿಂತೀವಿ. ಈ ಕಾಗದಾನ ಮುತ್ತಣ್ಣಮಾವನ ಕೈಲಿ ಓದಿಸ್ಬೇಡ. ಅಂಗನವಾಡಿ ಜಟ್ಟೆಮ್ಮಕ್ಕನ ಹತ್ರ ಹೋಗು, ಬಾಗಿಲು ಹಾಕ್ಕೊಂಡು ಓದು ಅನ್ನು.

ಕಾವೇರಿ ಪಿಯುಸಿಯಲ್ಲಿ ಗಣಿತ ಒಂದರಲ್ಲೇ ಫೇಲಾಗಿದ್ದು ನಿನಗೆ ಗೊತ್ತು. ಅಕ್ಟೋಬರಲ್ಲಿ ಮತ್ತೆ ಬರೀಬಹುದು. ಅಪ್ಪನಿಗೆ ಅಲ್ಲೀವರೆಗೂ ತಡೆಯೋಕಾಗಲ್ಲ. "ಫೇಲಾದಾಕೀನ ಇನ್ನೆಷ್ಟು ಓದಸೂದು? ನಿನ್ನ ಮಾವ ಮುತ್ತಣ್ಣ ಆಕೀನ ಮಾಡ್ಕೊಳ್ಳಾಕ ಹೂಂ ಅಂದಾನ. ಗೌರಿ ಹಬ್ಬ ಮುಗೀಲಿ, ಸಕ್ಕರಿ ತಿನ್ಸಿ ಮದುವಿ ಗಟ್ಟಿ ಮಾಡೂಣು" ಅಂದ. ಅವಳನ್ನ ಒಂದ್ಮಾತು ಕೇಳಿದ್ಯಾ ಅಂದೆ. "ಒಂಬತ್ತನೇತ್ತಾಕ್ಕ ಸಾಲಿ ಬಿಟ್ಟಾಂವ, ನನಗ ಬುದ್ಧಿ ಹೇಳ್ತೀಯೇನಲೇ?" ಅಂತಾನೆ! ಯಾಕೆ ಬಿಟ್ಟೆ ನಾನು? ಅಪ್ಪ ಕಟ್ಟಡದ ಸಾರ್ವೆಯಿಂದ ಬಿದ್ದು ಮಲಗಿದಾಗ ಇಬ್ಬರಲ್ಲಿ ಒಬ್ಬರು ದುಡಿಯೋಕೆ ಹೋಗ್ಬೇಕಿತ್ತು. ಅವಳು ಓದ್ಲಿ ಅಂತ ನಾನು ಹೋದೆ. ಈಗ ಅವಳನ್ನೂ ಬಿಡಿಸೋದಾದ್ರೆ ನಾನು ಹೋಗಿದ್ದು ಯಾತಕ್ಕೆ? ತಟ್ಟೆ ತಳ್ಳಿ ಎದ್ದುಬಿಟ್ಟೆ.

ಮಾರನೇ ಸಂಜೆ ಇಂದಿರಾನಗರದ ಕೆಲಸ ಮುಗಿಸಿ ಬಂದು ಅವಳ ಮೇಲೇ ಹಾರಾಡಿದೆ. "ನಿನ್ನ ಮದುವೆ ಮಾಡಿಸ್ತಿರೋ ಲೆಕ್ಕ ಯಾವುದೇ, ತೋರ್ಸು!" ಅಂದೆ. ತೋರಿಸಿದ್ಲು. ಮೇಲೆ ಎಕ್ಸ್ ಪ್ಲಸ್ ಒಂದು, ಕೆಳಗೆ ಎಕ್ಸ್ ಮೈನಸ್ ಎರಡು. ಭಾಗಿಸಿದ್ರೆ ಮೂರಕ್ಕಿಂತ ಜಾಸ್ತಿ ಬರಬೇಕು, ಎಕ್ಸ್ ಎಷ್ಟಿರಬಹುದು? ಪರೀಕ್ಷೇಲಿ ಅವಳು ಕೆಳಗಿರೋದನ್ನ ಸೀದಾ ಆಕಡೆ ಒಯ್ದು ಗುಣಿಸಿ, ಮೂರೂವರೆಗಿಂತ ಕಮ್ಮಿ ಇರೋದು ಯಾವುದಾದ್ರೂ ಸರಿ ಅಂತ ಬರೆದಿದ್ದಳಂತೆ. ಸರಿ ಅಲ್ವಾ ಅಂದೆ. "ಸೊನ್ನೆ ಹಾಕಿ ನೋಡು" ಅಂದ್ಲು. ಬಂದಿದ್ದು ಮೈನಸ್ ಅರ್ಧ! "ಕೆಳಗಿರೋದು ಪ್ಲಸ್ಸೋ ಮೈನಸ್ಸೋ ನೋಡದೆ ಒಯ್ಯಬಾರ್ದು ಅಣ್ಣ. ಮೈನಸ್ಸಾದ್ರೆ ಜಾಸ್ತಿ ಅನ್ನೋದು ಕಮ್ಮಿ ಅಂತ ತಿರುಗುತ್ತೆ" ಅಂದ್ಲು. ನನ್ನ ತಲೆಗೆ ಹೋಗ್ಲಿಲ್ಲ. "ನೀನು ಪಾಯ ಅಗೀತೀಯಲ್ಲ, ನೆಲದ ಮೇಲೆ ಮೂರಡಿ ಒಂದಡಿಗಿಂತ ಎತ್ತರ. ನೆಲದೊಳಗೆ ಮೂರಡಿ ಒಂದಡಿಗಿಂತ ಕೆಳಗೆ. ಹಂಗೇ ಇದು, ಮಂಕೇ" ಅಂತ ತಲೆ ಮೇಲೆ ಕುಟ್ಟಿದ್ಲು. ಆಮೇಲೆ ಎರಡನ್ನೂ ಬೇರೆ ಬೇರೆ ನೋಡಿದ್ಲು. ಪ್ಲಸ್ ಆದ್ರೆ ಎಕ್ಸ್ ಎರಡರಿಂದ ಮೇಲೆ, ಮೂರೂವರೆಗಿಂತ ಕೆಳಗೆ. ಮೈನಸ್ ಆದ್ರೆ ಎರಡಕ್ಕಿಂತ ಕಮ್ಮೀನೂ ಇರಬೇಕು, ಮೂರೂವರೆಗಿಂತ ಜಾಸ್ತೀನೂ ಇರಬೇಕು; ಅಂಥ ಸಂಖ್ಯೆ ಎಲ್ಲಿದೆ? ಎರಡೇ ಹಾಕಿದ್ರೆ ಕೆಳಗೆ ಸೊನ್ನೆ, ಅದೂ ಆಗಲ್ಲ. ಎರಡಕ್ಕೂ ಮೂರೂವರೆಗೂ ನಡುವೆ ಇರೋದಷ್ಟೇ ಉತ್ತರ.

ಅವಳಿಗೆ ಬರುತ್ತೆ ಅವ್ವಾ. ಅವಸರಕ್ಕೆ ಕೈ ತಪ್ಪಿದ್ದು. ತಪ್ಪು ಎಲ್ಲಾಯ್ತು ಅಂತ ಯಾರೂ ಹೇಳಿಕೊಡ್ದೆ ಅವಳೇ ಹುಡುಕಿದ್ದಾಳೆ. ಅಪ್ಪನನ್ನ ಎಬ್ಬಿಸಿ ತೋರಿಸೋಣ ಅಂದ್ರೆ ಬೇಡ ಅಂದ್ಲು. ಪುಸ್ತಕ ಮುಚ್ಚಿ ಹಿಟ್ಟು ಕಲಸೋಕೆ ಕೂತ್ಲು. "ಮಾವ ಒಳ್ಳೇವ್ರೇ ಅಣ್ಣ. ನಂಗೆ ಬೇಡ, ಅಷ್ಟೇ" ಅಂದ್ಲು. ಅಳಲಿಲ್ಲ. ಅತ್ತಿದ್ರೆ ನಾನು ಯಾರಿಗಾದ್ರೂ ಬೈದು ಹಗುರ ಆಗ್ತಿದ್ದೆ.

ಅಜ್ಜಿ ಕಾಲು ಒತ್ತುವಾಗ ನನ್ನ ಹೆಸರಲ್ಲೂ ಒಂದಿಷ್ಟು ಒತ್ತು. ಬಿಸಿಲಲ್ಲಿ ಕೊಡ ಹೊತ್ಕೊಂಡು ತಿರುಗಬೇಡ.

ನಿನ್ನ ಮಗ,
ಕಿರಣಕುಮಾರ

ಅಂಟು ಹಚ್ಚೋ ಮುಂಚೆ ಇನ್ನೊಂದು: ಹಬ್ಬಕ್ಕೆ ನಿನ್ನ ಕರ್ಕೊಂಡು ಬಾ ಅಂತ ಅಪ್ಪ ಮಾವನಿಗೆ ಹೇಳಿ ಕಳಿಸಿದ್ದಾನೆ. ನಮ್ಮ ಮನೇಲಿ ಹುಡುಗಿ ಬಾಯಿಗೆ ಮೊದಲ ಸಕ್ಕರೆ ಹಾಕೋದು ತಾಯಿ. ತಾಯಿ ಬದುಕಿರುವಾಗ ಬೇರೆ ಕೈ ಹಾಕೋ ಹಂಗಿಲ್ಲ, ಅಪ್ಪಾನೂ ಅದನ್ನ ಮೀರಲ್ಲ. ಯುಗಾದಿ ಆದ್ಮೇಲೆ ನಿನ್ನ ಮುಖ ನೋಡಿಲ್ಲ ನಾನು. ಆದ್ರೂ ಪರೀಕ್ಷೆ ಮುಗಿಯೋವರೆಗೂ ಬರಬೇಡ ಅವ್ವಾ. ಮಾವ ಬಸ್ಸಿಗೆ ಹತ್ತಿಸೋಕೆ ಬಂದ್ರೂ ಹತ್ತಬೇಡ.