ಬಾಗಿಲ ಮೇಲಿನ ಉಂಗುರ

ಅಣ್ಣಾ,

ಅಪ್ಪ ತೀರಿಕೊಂಡ ಸುದ್ದಿ ಚಿಕ್ಕಪ್ಪನಿಂದ ತಲುಪಿರಬೇಕು. ನಾನು ಬರೆಯುತ್ತಿರುವುದು ಬೇರೊಂದು ಕೆಲಸಕ್ಕೆ.

ನಮ್ಮ ಬಾಗಿಲ ಮೇಲಿನ ಕಲ್ಲಿನ ಉಂಗುರ ನೆನಪಿದೆಯಲ್ಲ, ಕೆಳಗೆ ಬೆರಳಗಲ ತೆರೆದಿರುವುದು? ಕಥೆತಾಯಿ ಲೋಕದ ಕಥೆ ಹೇಳುತ್ತ ಉಸಿರೆಳೆಯಲು ನಿಂತ ಜಾಗ ಅದು ಎನ್ನುತ್ತಿದ್ದ ಅಪ್ಪ. ನಮ್ಮ ಮನೆಯ ಪದ್ಧತಿಯಂತೆ, ಅವನು ಅರ್ಧಕ್ಕೆ ಬಿಟ್ಟುಹೋದ ಕಥೆಯನ್ನು, ಅವನ ಬಾಯಿಂದ ಕೇಳಿದಂತೆಯೇ, ಮನೆಯವರೊಬ್ಬರು ಮುಂದುವರಿಸಬೇಕು. ಇಲ್ಲದಿದ್ದರೆ ಸೋಮವಾರ ಗಾರೆಯವನು ಬಂದು ಆ ಸಂದು ಮುಚ್ಚುತ್ತಾನೆ. ಆಮೇಲೆ ಈ ಮನೆಯಲ್ಲಿ ಯಾರೂ ಕಥೆ ಹೇಳುವಂತಿಲ್ಲ.

"ಏನಾದ್ರೂ ಹೊಸೆದು ಹೇಳಿಬಿಡೇ, ಯಾರಿಗೆ ಗೊತ್ತಾಗುತ್ತೆ? ಸುಳ್ಳು ಹೇಳಲ್ಲ ಅಂತ ಹಟ ಹಿಡಿದು ಸ್ಕೂಲಲ್ಲೂ ನಿಲ್ಲಲಿಲ್ಲ, ಇಲ್ಲೂ ಅದೇ ಹಟಾನಾ?" ಎಂದು ಚಿಕ್ಕಪ್ಪ ಬೈದರು. ನನ್ನಿಂದ ಆಗುವುದಿಲ್ಲ.

ಅಪ್ಪ ಕೊನೆಗೆ ಹೇಳಿದ್ದು ಇಷ್ಟೇ: "ಹುಡುಗಿ ದೋಣಿಯಲ್ಲಿ ಒಂದು ಕಾಲಿಟ್ಟು ಹಿಂದಿರುಗಿ ನೋಡಿದಳು." ಆಮೇಲೆ ಬಾಗಿಲ ಕಡೆಗೇ ನೋಡುತ್ತಿದ್ದ. ನಿನ್ನ ದಾರಿ ಕಾಯುತ್ತಿದ್ದ ಎಂದು ಅತ್ತೆ ಎಲ್ಲರ ಹತ್ತಿರವೂ ಹೇಳುತ್ತಿದ್ದಾರೆ. ಇರಬಹುದು. ಅಪ್ಪ ಬಾಯಿಬಿಟ್ಟು ಹೇಳಲಿಲ್ಲ, ಹಾಗಾಗಿ ನಾನು ಹಾಗೆನ್ನಲಾರೆ.

ನೀನೂ ಅಪ್ಪನೂ ಮಾತು ಬಿಡುವ ಮೊದಲು ಅವನು ಈ ಕಥೆಯನ್ನು ನಿನಗೆ ಪೂರ್ತಿ ಹೇಳಿದ್ದನೇ? ಆ ಹುಡುಗಿ ಯಾರನ್ನು ಕಂಡಳು? ಗೊತ್ತಿದ್ದರೆ ಬಂದು ಹೇಳು. ಗೊತ್ತಿಲ್ಲದಿದ್ದರೆ ಕಟ್ಟಿ ಹೇಳಬೇಡ, ಆದರೂ ಬಾ. ಆಗ ಸಂದು ಮುಚ್ಚಲು ಗಾರೆಯವನು ಬೇಡ, ನಾನೇ ಮುಚ್ಚುತ್ತೇನೆ. ಏಣಿ ಹಿಡಿಯಲು ಒಬ್ಬರು ಬೇಕು. ಮಣ್ಣು ಕಲಸಿ, ಒಣಗದಂತೆ ಒದ್ದೆ ಬಟ್ಟೆ ಹೊದಿಸಿಟ್ಟಿದ್ದೇನೆ.

ನಿನ್ನ ತಂಗಿ